ಇವತ್ತೂ ಮಳೆ, ಅಲ್ವಾ?

ಮೊದಲ ದಿನ, ಮಂಗಳವಾರ

ಇಪ್ಪತ್ತಾರು ವರ್ಷ ನಾನು ವಿದ್ಯುತ್ ಕಚೇರಿಯ ದೂರು ಕೌಂಟರಿನಲ್ಲಿ ಕೂತಿದ್ದೆ. ಫೋನ್ ರಿಂಗಾದರೆ ಎತ್ತಬೇಕು, ರಿಜಿಸ್ಟರಿನಲ್ಲಿ ಹೊತ್ತು ಸಮೇತ ಬರೆಯಬೇಕು, ಲೈನ್‌ಮನ್‌ಗೆ ತಿಳಿಸಬೇಕು. "ಕರೆಂಟ್ ಹೋಗಿ ಎರಡು ಗಂಟೆ ಆಯ್ತು ಮೇಡಂ." "ಕಂಬದಲ್ಲಿ ಕಿಡಿ ಬರ್ತಿದೆ." "ನಾಳೆ ಮಗನ ಪರೀಕ್ಷೆ, ಏನಾದ್ರೂ ಮಾಡಿ." ಇಂಥ ಸಾವಿರಾರು ದನಿ ಕೇಳಿದ ಕಿವಿ ನನ್ನದು. ಯಾರಾದರೂ ಗೋಳು ಹೇಳಿಕೊಳ್ಳುತ್ತಿದ್ದರೆ ಅದು ತಾನಾಗೇ ಅತ್ತ ತಿರುಗುತ್ತದೆ.

ಅಕ್ಟೋಬರ್ ಕೊನೆಯ ವಾರ ಮಗಳ ಮನೆಗೆಂದು ಇಂಗ್ಲೆಂಡಿಗೆ ಹೋದೆ. ಹೀಥ್ರೋದಲ್ಲಿ ಇಳಿದ ಅರ್ಧ ಗಂಟೆಗೇ ಶುರುವಾಯಿತು. ನನ್ನ ಹಿಂದೆ ಸಾಲಿನಲ್ಲಿದ್ದ ಗಂಡ ಹೆಂಡತಿ ಸಾಲು ಉದ್ದ ಎಂದು ಗೊಣಗಿದರು. ವಿಮಾನದ ಕಾಫಿ ತಣ್ಣಗಿತ್ತು ಎಂದರು. ಹೊರಗೆ ಮಳೆ ಬರುತ್ತಿರುತ್ತದೆ, ನೋಡ್ತಾ ಇರಿ ಎಂದರು. ಆದರೆ ದನಿಯಲ್ಲಿ ಸಿಟ್ಟಿರಲಿಲ್ಲ. ಸಾಲು ಬಿಟ್ಟು ಒಂದು ಹೆಜ್ಜೆಯೂ ಮುಂದೆ ಬರಲಿಲ್ಲ. ಹೊರಗೆ ಬಂದರೆ ನಿಜಕ್ಕೂ ಮಳೆ.

ಕಾರಿನಲ್ಲಿ ಇದನ್ನು ಹೇಳಿದೆ. ಅಳಿಯ ನಕ್ಕ. "ಅತ್ತೆ, ಇಲ್ಲಿ ಅದು ನಮ್ಮ 'ಊಟ ಆಯ್ತಾ' ಇದ್ದ ಹಾಗೆ. ಮಾತು ಶುರು ಮಾಡೋಕೆ ಒಂದು ನೆಪ ಅಷ್ಟೆ" ಎಂದ.

ಎರಡನೇ ದಿನ, ಬುಧವಾರ

ಬೆಳಗಿನ ಜಾವ ಮೂರೂವರೆಗೇ ಎಚ್ಚರವಾಯಿತು. ನಮ್ಮೂರಲ್ಲಿ ಆಗ ಎಂಟು ಗಂಟೆ. ಎಷ್ಟು ಹೊರಳಿದರೂ ನಿದ್ದೆ ಬರಲಿಲ್ಲ. ಅಡುಗೆಮನೆಗೆ ಹೋಗಿ ಚಹಾ ಇಟ್ಟು, ಕಿಟಕಿ ಕಟ್ಟೆಯ ಮೇಲಿದ್ದ ರೇಡಿಯೋ ಸಣ್ಣಗೆ ಹಾಕಿದೆ. ಐದೂವರೆ ಸುಮಾರಿಗೆ ಒಂದು ಹೆಣ್ಣು ದನಿ ಊರುಗಳ ಹೆಸರನ್ನು ಮಂತ್ರ ಹೇಳಿದ ಹಾಗೆ ಹೇಳತೊಡಗಿತು. ವೈಕಿಂಗ್, ಫೋರ್ಟೀಸ್, ಡಾಗರ್, ಥೇಮ್ಸ್, ಡೋವರ್, ಬಿಸ್ಕೆ, ಫಿಟ್ಜ್‌ರಾಯ್. ಹೆಸರಿನ ಹಿಂದೆ ಗಾಳಿ ಎಷ್ಟು, ಮಳೆ ಎಷ್ಟು ಎಂಬ ಲೆಕ್ಕ.

ಅಳಿಯ ಎದ್ದು ಬಂದ ಮೇಲೆ ವಿಷಯ ಗೊತ್ತಾಯಿತು. ಅವು ಊರುಗಳಲ್ಲ, ಸಮುದ್ರದ ಭಾಗಗಳು. ಹಡಗಿನವರಿಗಾಗಿ ಬಿಬಿಸಿ ಓದುವ ಹವಾಮಾನ ಅದು. ಅದರಲ್ಲಿ ಫಿಟ್ಜ್‌ರಾಯ್ ಮಾತ್ರ ಒಬ್ಬ ಮನುಷ್ಯನ ಹೆಸರು. 2002ರಲ್ಲಿ ಇಟ್ಟದ್ದಂತೆ.

ಅವನ ಕಥೆ ಕೇಳಿ ನನಗೆ ಸಂಕಟವಾಯಿತು. ರಾಬರ್ಟ್ ಫಿಟ್ಜ್‌ರಾಯ್ ಎಂದರೆ ಡಾರ್ವಿನ್ ಹೋದ ಬೀಗಲ್ ಹಡಗಿನ ಕ್ಯಾಪ್ಟನ್. 1854ರಲ್ಲಿ ಬ್ರಿಟನ್ನಿನ ಹವಾಮಾನ ಕಚೇರಿ ಶುರುವಾದದ್ದು ಅವನ ಕೈಯಲ್ಲೇ. 1859ರ ಅಕ್ಟೋಬರಿನಲ್ಲಿ ರಾಯಲ್ ಚಾರ್ಟರ್ ಎಂಬ ಹಡಗು ಬಿರುಗಾಳಿಗೆ ಸಿಕ್ಕಿ ಒಡೆದು ನಾನೂರಕ್ಕೂ ಹೆಚ್ಚು ಜನ ಸತ್ತರು. ಆಮೇಲೆ ಅವನು ತಂತಿ ಮೂಲಕ ಬಂದರುಗಳಿಗೆ ಬಿರುಗಾಳಿಯ ಎಚ್ಚರಿಕೆ ಕಳಿಸುವ ವ್ಯವಸ್ಥೆ ಮಾಡಿದ. 1861ರ ಆಗಸ್ಟ್ 1ರಂದು ಪತ್ರಿಕೆಯಲ್ಲಿ ಮೊದಲ ಹವಾಮಾನ ಮುನ್ಸೂಚನೆ ಬಂತು. ಬಂದದ್ದೇ ತಡ, ದೂರುಗಳೂ ಬಂದವು. ನೀವು ಮಳೆ ಅಂದಿರಿ, ಬಿಸಿಲು ಬಂತು. ಬಿಸಿಲು ಅಂದಿರಿ, ನೆನೆದು ಹೋದೆವು. ಪತ್ರಿಕೆಗಳು ಗೇಲಿ ಮಾಡಿದವು, ವಿಜ್ಞಾನಿಗಳು ಆಕ್ಷೇಪ ಎತ್ತಿದರು. ಖಿನ್ನತೆಯಲ್ಲಿದ್ದ ಅವನು 1865ರಲ್ಲಿ ತನ್ನ ಜೀವ ತಾನೇ ತೆಗೆದುಕೊಂಡ. ಮರುವರ್ಷ ಎಚ್ಚರಿಕೆ ಕಳಿಸುವುದನ್ನು ನಿಲ್ಲಿಸಿದರೆ ಮತ್ತೆ ದೂರು, ವಾಪಸ್ ತನ್ನಿ ಎಂದು! ಕೊನೆಗೆ ತಂದರು.

ಫೋನಿನ ಈ ಕಡೆ ಕೂತವರ ಕಷ್ಟ ನನಗೆ ಗೊತ್ತು. ಎಂಟೂವರೆಗೆ ಕರೆಂಟ್ ಬರುತ್ತದೆ ಎಂದು ಹೇಳಿ, ಎಂಟು ಮೂವತ್ತೈದಕ್ಕೆ ಬೈಗುಳ ತಿಂದವಳು ನಾನು. ನೂರ ಅರವತ್ತು ವರ್ಷದ ಹಿಂದೆ ಸತ್ತ ಆ ಮನುಷ್ಯನಿಗೆ ಅಡುಗೆಮನೆಯಲ್ಲಿ ನಿಂತೇ ಮನಸ್ಸಿನಲ್ಲಿ ಕೈ ಮುಗಿದೆ.

ಬೆಳಕಾದ ಮೇಲೆ ಪಕ್ಕದ ಮನೆಯವರ ಪರಿಚಯವಾಯಿತು. ಎಂಬತ್ತರ ಹತ್ತಿರದ ಹೆಂಗಸು, ಒಬ್ಬರೇ ಇರುವವರು. ಅವತ್ತು ಕಸದ ಲಾರಿ ಬರುವ ದಿನ. ಬೀದಿಯುದ್ದಕ್ಕೂ ಚಕ್ರದ ಡಬ್ಬಿಗಳು ಸಾಲಾಗಿ ನಿಂತಿದ್ದವು. ಒಂದು ವಾರ ಮರುಬಳಕೆಯ ಕಸ, ಇನ್ನೊಂದು ವಾರ ಉಳಿದ ಕಸ. ಎಲ್ಲರ ಡಬ್ಬಿ ಖಾಲಿಯಾಗಿತ್ತು, ಅವರದು ಮಾತ್ರ ಹಾಗೇ ಇತ್ತು. ಮುಚ್ಚಳಕ್ಕೆ ಒಂದು ಚೀಟಿ ಅಂಟಿತ್ತು. ಒಳಗೆ ಹಾಕಬಾರದ ವಸ್ತು ಇದೆ, ಹಾಗಾಗಿ ಒಯ್ಯುವುದಿಲ್ಲ ಎಂದು. ಅವರು ಮುಚ್ಚಳ ಎತ್ತಿ ತೋರಿಸಿದರು. ಪೇಪರು, ಬಾಟಲಿಗಳ ಮೇಲೆ ಯಾರೋ ದಾರಿಹೋಕರು ಅರ್ಧ ತಿಂದ ಚಿಕನ್ನಿನ ಡಬ್ಬ ಎಸೆದು ಹೋಗಿದ್ದರು.

"ಇವತ್ತೂ ಮಳೆ, ಅಲ್ವಾ? ಅದರ ಮೇಲೆ ಇದು ಬೇರೆ" ಎಂದು ಶುರು ಮಾಡಿದರು. ಹತ್ತು ನಿಮಿಷ ಹೇಳಿದರು. ಇನ್ನು ಹದಿನಾಲ್ಕು ದಿನ ಈ ಡಬ್ಬಿ ಹೀಗೇ ಇರಬೇಕು. ಮೊದಲೆಲ್ಲ ಲೋಹದ ಡಬ್ಬಿ ಇತ್ತು, ವಾರಕ್ಕೊಮ್ಮೆ ಹಿತ್ತಲಿಗೇ ಬಂದು ಒಯ್ಯುತ್ತಿದ್ದರು. ಈಗ ಬಣ್ಣ ನೆನಪಿಡಲು ಕ್ಯಾಲೆಂಡರ್ ಬೇಕು.

ನಾನು ಕೌಂಟರಿನ ಅಭ್ಯಾಸದಲ್ಲಿ ಕೇಳಿಬಿಟ್ಟೆ. "ಫೋನ್ ಮಾಡಿ ದೂರು ಬರೆಸಿದಿರಾ? ನಂಬರ್ ಕೊಟ್ಟರಾ?"

ಅವರ ಮುಖ ಸ್ವಲ್ಪ ಬಾಡಿತು. "ಇರಲಿ ಬಿಡಿ" ಎಂದು ಒಳಗೆ ಹೋದರು.

ಮಗಳು ರಾತ್ರಿ ತಿಳಿಸಿ ಹೇಳಿದಳು. "ಅಮ್ಮ, ಅವರಿಗೆ ಪರಿಹಾರ ಬೇಕಿರಲಿಲ್ಲ. 'ಹೌದು, ಎಷ್ಟು ಕಷ್ಟ' ಅಂದಿದ್ರೆ ಸಾಕಿತ್ತು." ಆಮೇಲೆ ಇನ್ನೊಂದು ವಿಷಯ ಹೇಳಿದಳು. ಆಕೆಯ ಗಂಡ 2020ರ ಏಪ್ರಿಲಿನಲ್ಲಿ ಕೋವಿಡ್‌ನಿಂದ ಹೋದರು. ಹೆಂಡತಿಗೆ ಕೊನೆಗೆ ಒಂದು ಸಲ ನೋಡಲೂ ಆಗಲಿಲ್ಲ. ಆ ಬಗ್ಗೆ ಆಕೆ ಯಾರ ಮುಂದೆಯೂ ಒಂದು ಮಾತು ಆಡಿದ್ದನ್ನು ಮಗಳು ಕೇಳಿಲ್ಲ. ಹೇಗಿದ್ದೀರಿ ಎಂದರೆ "ಮಸ್ಸಂಟ್ ಗ್ರಂಬಲ್" ಅನ್ನುತ್ತಾರಂತೆ. ಗೊಣಗಬಾರದು ಎಂದು ಅರ್ಥ.

ಮೂರನೇ ದಿನ, ಗುರುವಾರ

ಇಡೀ ದಿನ ಮಳೆ. ಮನೆಯಲ್ಲೇ ಇದ್ದೆ.

ನಾಲ್ಕನೇ ದಿನ, ಶುಕ್ರವಾರ

ಲಂಡನ್ನಿಗೆ ರೈಲಿನಲ್ಲಿ ಅರ್ಧ ಗಂಟೆ. ಫ್ಲೀಟ್ ಸ್ಟ್ರೀಟಿನ ಹಿಂದೆ ಸಂದಿಗಳಲ್ಲಿ ಹೊಕ್ಕು ಗಫ್ ಸ್ಕ್ವೇರ್ ಎಂಬ ಚಿಕ್ಕ ಅಂಗಳಕ್ಕೆ ಹೋದೆವು. 1755ರಲ್ಲಿ ಇಂಗ್ಲಿಷ್ ನಿಘಂಟು ತಂದ ಸ್ಯಾಮ್ಯುಯೆಲ್ ಜಾನ್ಸನ್ ಇದ್ದ ಇಟ್ಟಿಗೆಯ ಮನೆ ಅಲ್ಲಿದೆ. ಅಂಗಳದಲ್ಲಿ ಅವನ ಬೆಕ್ಕಿನ ಕಂಚಿನ ಮೂರ್ತಿ. ಹಾಜ್ ಎಂದು ಅದರ ಹೆಸರು. ದಪ್ಪ ಪುಸ್ತಕದ ಮೇಲೆ ಕೂತಿದೆ, ಪಕ್ಕದಲ್ಲಿ ತಿಂದು ಬಿಟ್ಟ ಸಿಂಪಿ ಚಿಪ್ಪುಗಳು. ಮೂರ್ತಿಯ ಬೆನ್ನು ಮಳೆಗೆ ನೆನೆದು ಹೊಳೆಯುತ್ತಿತ್ತು.

ಈ ಮನೆಯಲ್ಲಿದ್ದಾಗಲೇ, 1758ರಲ್ಲಿ, ಜಾನ್ಸನ್ ಒಂದು ಮಾತು ಬರೆದ. ಇಬ್ಬರು ಇಂಗ್ಲಿಷರು ಎದುರಾದರೆ ಮೊದಲ ಮಾತು ಹವೆಯದ್ದು. ಇಬ್ಬರಿಗೂ ಆಗಲೇ ಗೊತ್ತಿರುವುದನ್ನು ಒಬ್ಬರಿಗೊಬ್ಬರು ಅವಸರದಿಂದ ಹೇಳಿಕೊಳ್ಳುತ್ತಾರೆ. ಮಗಳು ಇದನ್ನು ಹೇಳಿದಾಗ ನನಗೆ ಕಸದ ಡಬ್ಬಿಯ ಪಕ್ಕ ನಿಂತ ಮುಖ ಕಣ್ಣ ಮುಂದೆ ಬಂತು. ಮಳೆ ಬರುತ್ತಿದೆ ಎಂದು ನನಗೂ ಗೊತ್ತಿತ್ತು, ಅವರಿಗೂ ಗೊತ್ತಿತ್ತು. ಆದರೂ ಹೇಳಿದರು. ನಾನು ಹೌದು ಅನ್ನಬೇಕಿತ್ತು.

ಮಧ್ಯಾಹ್ನ ವೆಸ್ಟ್‌ಮಿನ್ಸ್ಟರ್ ಸೇತುವೆ ದಾಟಿ ಥೇಮ್ಸ್ ದಂಡೆಗೆ ಇಳಿದೆವು. ಲ್ಯಾಂಬೆತ್‌ನಲ್ಲಿರುವ ಬಸವಣ್ಣನ ಪ್ರತಿಮೆ ನೋಡುವುದು ನನ್ನ ಆಸೆ. 2015ರ ನವೆಂಬರಿನಲ್ಲಿ ಅನಾವರಣವಾದಾಗಿನಿಂದ ಟೀವಿಯಲ್ಲಿ ಮಾತ್ರ ನೋಡಿದ್ದೆ. ಆದರೆ ಅಲ್ಲಿಗೆ ಹೋಗುವ ದಾರಿಯಲ್ಲೇ ನನ್ನ ಕಾಲು ನಿಂತಿತು.

ನದಿಯ ಈಚೆ ದಡದಲ್ಲಿ ಒಂದು ಉದ್ದ ಗೋಡೆ. ಅದರ ಹಿಂದೆ ಸೇಂಟ್ ಥಾಮಸ್ ಆಸ್ಪತ್ರೆ, ಎದುರು ದಡದಲ್ಲಿ ಪಾರ್ಲಿಮೆಂಟು. ಆ ಗೋಡೆಯ ತುಂಬ ಕೆಂಪು ಹೃದಯಗಳನ್ನು ಕೈಯಲ್ಲಿ ಬರೆದಿದ್ದಾರೆ. ಸುಮಾರು ಅರ್ಧ ಕಿಲೋಮೀಟರ್ ಉದ್ದಕ್ಕೂ, ಎರಡು ಲಕ್ಷಕ್ಕೂ ಹೆಚ್ಚು. ಕೋವಿಡ್‌ನಿಂದ ಸತ್ತ ಒಬ್ಬೊಬ್ಬರಿಗೆ ಒಂದೊಂದು. 2021ರ ಮಾರ್ಚ್ ಕೊನೆಯಲ್ಲಿ ಮನೆಯವರನ್ನು ಕಳಕೊಂಡವರೇ ಕುಂಚ ಹಿಡಿದು ಶುರು ಮಾಡಿದ್ದು. ನಮ್ಮವರು ಯಾಕೆ ಸತ್ತರು, ತನಿಖೆ ಆಗಲಿ ಎಂದು ಅವರು ಕೇಳಿದ್ದರು. ಸಾರ್ವಜನಿಕ ತನಿಖೆ ಶುರುವಾಯಿತು ಕೂಡ. ಪಾರ್ಲಿಮೆಂಟಿನ ಕಿಟಕಿ ತೆರೆದರೆ ಕಾಣುವ ಹಾಗೆ ಬರೆದ ದೂರು ಇದು. ಹೆಸರು, ತಾರೀಕು, "ಅಪ್ಪ", "ನನ್ನ ಹುಡುಗಿ", "ಮಿಸ್ ಯೂ". ಬೈಗುಳ ನನ್ನ ಕಣ್ಣಿಗೆ ಒಂದೂ ಬೀಳಲಿಲ್ಲ.

ಮಗಳು ಎಣಿಸುತ್ತಾ ಹೋಗಿ ಒಂದು ಕಡೆ ನಿಂತಳು. 2021ರಲ್ಲಿ ಪಕ್ಕದ ಮನೆಯವರನ್ನು ಇಲ್ಲಿಗೆ ಕರಕೊಂಡು ಬಂದವಳು ಅವಳೇ. ನನ್ನ ಎದೆಯ ಎತ್ತರಕ್ಕೆ ಒಂದು ಚಿಕ್ಕ ಹೃದಯ. ಕೆಂಪು ಮಾಸಿ ಗುಲಾಬಿಯಾಗಿದೆ. ಒಳಗೆ ಎರಡು ಅಕ್ಷರ, ಒಂದು ವರ್ಷ. ತಾರೀಕಿನ ಅಂಕಿ ಓದಲು ಬರುತ್ತಿರಲಿಲ್ಲ. ಫೋಟೋ ತೆಗೆದುಕೊಂಡೆ.

ಬಸವಣ್ಣನ ಮುಂದೆ ಐದು ನಿಮಿಷ ನಿಂತೆವು. ಯಾರೋ ಹಾರ ಹಾಕಿ ಹೋಗಿದ್ದರು. ಮಾತು ಜಾಸ್ತಿ ಬರಲಿಲ್ಲ.

ಐದನೇ ದಿನ, ಶನಿವಾರ

ಸಾಲಿಸ್‌ಬರಿಗೆ ಹೊರಟೆವು. ಬೇಸಿಂಗ್‌ಸ್ಟೋಕ್‌ನಲ್ಲಿ ರೈಲು ಬದಲಾಯಿಸಬೇಕು. ಎರಡನೇ ರೈಲಿನಲ್ಲಿ ನಮ್ಮ ಬೋಗಿ ಪರೀಕ್ಷಾ ಕೊಠಡಿಯಷ್ಟು ಮೌನವಾಗಿತ್ತು. ಎದುರುಬದುರು ಕೂತವರೂ ಒಬ್ಬರ ಮುಖ ಒಬ್ಬರು ನೋಡುತ್ತಿರಲಿಲ್ಲ. ಆಂಡೋವರ್ ದಾಟಿ ಸ್ವಲ್ಪ ದೂರ ಹೋಗಿ ರೈಲು ನಿಂತಿತು. ಹತ್ತು ನಿಮಿಷ ಕಳೆಯಿತು. ಆಮೇಲೆ ಸ್ಪೀಕರಿನಲ್ಲಿ ದನಿ ಬಂತು. ಹಳಿಯ ಮೇಲೆ ಎಲೆ ಬಿದ್ದಿರುವುದರಿಂದ ಮುಂದಿನ ರೈಲುಗಳು ನಿಧಾನವಾಗಿವೆ, ಕ್ಷಮಿಸಿ.

"ಟಿಪಿಕಲ್" ಎಂದಿತು ಒಂದು ದನಿ. ಇವರ ಹಣೆಬರಹವೇ ಇಷ್ಟು ಎಂದು ನಾವು ಹೇಳುವ ಹಾಗೆ. ಅಷ್ಟೇ ಸಾಕಾಯಿತು. ಇಡೀ ಬೋಗಿ ಮಾತಿಗೆ ಇಳಿಯಿತು. ಪ್ರತಿ ವರ್ಷ ಎಲೆ ಉದುರುತ್ತದೆ, ಪ್ರತಿ ವರ್ಷ ಇವರಿಗೆ ಆಶ್ಚರ್ಯವಾಗುತ್ತದೆ ಎಂದರು ಒಬ್ಬರು. ಟಿಕೆಟ್ ದರ ಮಾತ್ರ ಏರುವುದು ತಡವಾಗುವುದಿಲ್ಲ ಎಂದರು ಇನ್ನೊಬ್ಬರು. ಒಬ್ಬ ಹುಡುಗಿ ಬಿಸ್ಕತ್ತಿನ ಪೊಟ್ಟಣ ಒಡೆದು ಹಂಚಿದಳು. ನನ್ನ ಪಕ್ಕದ ಹಿರಿಯರು ನನ್ನ ಕಡೆ ತಿರುಗಿದರು. ನಾನು ಈ ಸಲ ತಪ್ಪು ಮಾಡಲಿಲ್ಲ. "ಎಷ್ಟು ಬೇಜಾರು, ಅಲ್ವಾ?" ಎಂದೆ. ಅವರ ಮುಖ ಅರಳಿತು.

ಅವರು 1991ರ ಕಥೆ ಹೇಳಿದರು. ಆ ಫೆಬ್ರವರಿಯಲ್ಲಿ ಹಿಮ ಬಿದ್ದು ರೈಲುಗಳು ಕೆಟ್ಟು ನಿಂತವು. ಇದು ಬೇರೆ ಥರದ ಹಿಮ ಎಂದು ರೈಲ್ವೆ ಅಧಿಕಾರಿಯೊಬ್ಬರು ವಿವರಿಸಿದರು. ಪತ್ರಿಕೆಗಳು ಅದನ್ನು 'ತಪ್ಪು ಜಾತಿಯ ಹಿಮ' ಎಂದು ಬರೆದವು. ಇಂದಿಗೂ ಕುಂಟು ನೆಪ ಹೇಳುವವರಿಗೆ ಈ ಮಾತು ಬಳಸುತ್ತಾರಂತೆ. ನನಗೆ ಸುಮ್ನೆ ಇರಲಾಗಲಿಲ್ಲ. ಆ ಹಿಮ ಪುಡಿಪುಡಿಯಾಗಿ, ಒಣಗಿ ಇತ್ತಾ ಎಂದು ಕೇಳಿದೆ. ಹೌದು ಎಂದರು. ಹಾಗಿದ್ದರೆ ಅದು ಮೋಟಾರಿನ ಒಳಗೆ ನುಗ್ಗಿ, ಕರಗಿ, ಶಾರ್ಟ್ ಆಗಿರುತ್ತದೆ. ಆ ಅಧಿಕಾರಿ ಹೇಳಿದ್ದು ಸರಿಯಾಗೇ ಇತ್ತು. ನಿಜ ಹೇಳಿಯೂ ನಗೆಪಾಟಲಾದರು, ಪಾಪ.

ಎಲೆಯ ವಿಷಯವೂ ಹಾಗೇ. ಬಿದ್ದ ಎಲೆಯನ್ನು ಚಕ್ರಗಳು ಅರೆದು ಅರೆದು ಹಳಿಯ ಮೇಲೆ ಗಟ್ಟಿಯಾದ, ಜಾರುವ ಪದರ ಕಟ್ಟುತ್ತದೆ. ಬ್ರೇಕ್ ಹಾಕಿದರೆ ನಿಲ್ಲುವುದಿಲ್ಲ. ಇನ್ನೊಂದು ತೊಂದರೆಯೂ ಇದೆ. ಹಳಿಗಳಲ್ಲಿ ಸಣ್ಣ ಕರೆಂಟ್ ಹರಿಯುತ್ತಿರುತ್ತದೆ. ರೈಲಿನ ಚಕ್ರ ಎರಡು ಹಳಿಗಳನ್ನು ಸೇರಿಸಿದಾಗ ಇಲ್ಲಿ ರೈಲು ಇದೆ ಎಂದು ಸಿಗ್ನಲ್ಲಿಗೆ ತಿಳಿಯುತ್ತದೆ. ಎಲೆಯ ಪದರ ಅಡ್ಡ ಬಂದರೆ ಕರೆಂಟ್ ದಾಟುವುದಿಲ್ಲ, ರೈಲು ಇದ್ದರೂ ಸಿಗ್ನಲ್ಲಿಗೆ ಕಾಣುವುದಿಲ್ಲ.

ನಲವತ್ತು ನಿಮಿಷದ ಮೇಲೆ ರೈಲು ಹೊರಟಿತು. ಸಾಲಿಸ್‌ಬರಿಗೆ ಮುಂಚೆ ಒಂದು ಸುರಂಗ ಬರುತ್ತದೆ. ಆ ಹಿರಿಯರು ದನಿ ತಗ್ಗಿಸಿದರು. 2021ರ ಅಕ್ಟೋಬರ್ 31ರ ಸಂಜೆ ಇಲ್ಲೇ ಎರಡು ರೈಲು ಡಿಕ್ಕಿಯಾದವು. ಬ್ರೇಕ್ ಹಾಕಿದರೂ ಎಲೆಯ ಪದರದ ಮೇಲೆ ಜಾರಿ ಒಂದು ರೈಲು ಕೆಂಪು ಸಿಗ್ನಲ್ ದಾಟಿ ಹೋಗಿತ್ತು. ಯಾರೂ ಸಾಯಲಿಲ್ಲ, ಆದರೆ ಚಾಲಕರಿಗೆ ತೀವ್ರ ಪೆಟ್ಟಾಯಿತು. "ನಿಧಾನವೇ ಆಗಲಿ" ಎಂದರು ಅವರು. ಸುರಂಗ ಮುಗಿಯುವವರೆಗೆ ಬೋಗಿಯಲ್ಲಿ ಯಾರೂ ಗೊಣಗಲಿಲ್ಲ. ರೈಲು ಇಳಿದ ಮೇಲೆ ಎಲ್ಲರೂ ಮತ್ತೆ ಅಪರಿಚಿತರಾಗಿ ಬೇರೆ ಬೇರೆ ದಾರಿ ಹಿಡಿದರು.

ಸಾಲಿಸ್‌ಬರಿ ಕೆಥೆಡ್ರಲ್ಲಿನ ಗೋಪುರ 123 ಮೀಟರ್, ಬ್ರಿಟನ್ನಿನಲ್ಲೇ ಎತ್ತರದ ಚರ್ಚ್ ಗೋಪುರ. ಆದರೆ ನಾನು ಬಂದದ್ದು ಮ್ಯಾಗ್ನಾ ಕಾರ್ಟಾ ನೋಡಲು. ಸಾಮಂತರು ಪಟ್ಟು ಹಿಡಿದು ಜಾನ್ ದೊರೆಯಿಂದ ಬರೆಸಿಕೊಂಡ ಹಕ್ಕುಪತ್ರ ಅದು. 1215ರ ನಾಲ್ಕು ಪ್ರತಿಗಳು ಮಾತ್ರ ಉಳಿದಿವೆ, ಒಂದು ಇಲ್ಲಿದೆ. ಮಂದ ಬೆಳಕಿನಲ್ಲಿ, ಗಾಜಿನ ಹಿಂದೆ, ಒಂದೇ ಹಾಳೆ ಚರ್ಮ. ಲ್ಯಾಟಿನ್‌ನಲ್ಲಿ ಇರುವೆ ಸಾಲಿನಂಥ ಅಕ್ಷರ. ಪ್ರಜಾಪ್ರಭುತ್ವದ ಮೂಲ ಎಂದು ಶಾಲೆಯಲ್ಲಿ ಓದಿದ್ದೆ. ಇಲ್ಲಿ ಅರ್ಥ ಕೇಳುತ್ತಾ ಹೋದರೆ ಅದು ನನ್ನ ಹಳೆಯ ರಿಜಿಸ್ಟರಿನಂತೆ ಕಂಡಿತು. ಥೇಮ್ಸ್ ನದಿಯಲ್ಲಿ ಮೀನು ಹಿಡಿಯಲು ಹಾಕಿದ ಅಡ್ಡಗಟ್ಟೆಗಳನ್ನು ತೆಗೀರಿ. ದೊರೆಯ ಅಧಿಕಾರಿಗಳು ನಮ್ಮ ಕುದುರೆ, ಗಾಡಿಗಳನ್ನು ಕೇಳದೆ ಒಯ್ಯಬಾರದು. ದುಡ್ಡು ಕೊಡದೆ ದವಸ ಎತ್ತಬಾರದು. ಕಾಳಿಗೆ, ಮದ್ಯಕ್ಕೆ ದೇಶದಲ್ಲೆಲ್ಲ ಒಂದೇ ಅಳತೆ ಇರಲಿ. ಊರಿಗೊಂದು ಸೇರು ಇದ್ದರೆ ಯಾರಿಗೆ ತಾನೇ ರೇಗುವುದಿಲ್ಲ? ಇವುಗಳ ನಡುವೆಯೇ ಆ ದೊಡ್ಡ ಮಾತೂ ಇದೆ. ನ್ಯಾಯವನ್ನು ಯಾರಿಗೂ ಮಾರುವುದಿಲ್ಲ, ಯಾರಿಗೂ ನಿರಾಕರಿಸುವುದಿಲ್ಲ, ತಡಮಾಡುವುದಿಲ್ಲ. ಬರೆದ ಹತ್ತು ವಾರದಲ್ಲೇ ಪೋಪ್ ಅದನ್ನು ರದ್ದು ಮಾಡಿದ. ಆದರೂ ಬರೆದಿಟ್ಟದ್ದು ಉಳಿಯಿತು. ಆಮೇಲಿನ ದೊರೆಗಳು ಮತ್ತೆ ಮತ್ತೆ ಅದಕ್ಕೆ ಮುದ್ರೆ ಒತ್ತಬೇಕಾಯಿತು.

ಊಟದ ಹೊತ್ತಿಗೆ ಒಂದು ಸಣ್ಣ ಹೋಟೆಲಿಗೆ ಹೋದೆವು. ಪಕ್ಕದ ಮೇಜಿನ ಇಬ್ಬರು ಹೆಂಗಸರು ಸೂಪು ಆರಿಹೋಗಿದೆ, ಬ್ರೆಡ್ಡು ಕಲ್ಲಾಗಿದೆ ಎಂದು ಪಿಸುಗುಟ್ಟುತ್ತಿದ್ದರು. ಬಡಿಸುವ ಹುಡುಗ ಬಂದು ಎಲ್ಲ ಸರಿಯಾಗಿದೆಯಾ ಎಂದು ಕೇಳಿದ. ಇಬ್ಬರೂ ಒಟ್ಟಿಗೆ "ಲವ್ಲಿ, ಥ್ಯಾಂಕ್ ಯೂ" ಎಂದರು. ಇದು ಮಾತ್ರ ನನಗೆ ಸರಿ ಅನ್ನಿಸಲಿಲ್ಲ. ಆ ಹುಡುಗನ ಮನಸ್ಸು ನೋಯಬಾರದು ಎಂಬುದು ಒಳ್ಳೆಯದೇ. ಆದರೆ ಹೇಳದಿದ್ದರೆ ಮುಂದಿನವರಿಗೂ ಆರಿದ ಸೂಪೇ ಅಲ್ವಾ? ಕಂಬ ವಾಲಿದೆ ಎಂದು ಊರೆಲ್ಲ ಮಾತಾಡಿಕೊಂಡು, ನಮಗೆ ಯಾರೂ ಫೋನ್ ಮಾಡದೆ, ಮಳೆಗಾಲದಲ್ಲಿ ಆ ಕಂಬ ಎಮ್ಮೆಯ ಮೇಲೆ ಬಿದ್ದದ್ದನ್ನು ನಾನು ನೋಡಿದ್ದೇನೆ.

ವಾಪಸ್ ಬರುವಾಗ ಮಗಳು ಫೋನಿನಲ್ಲೇ ರೈಲು ತಡವಾದದ್ದಕ್ಕೆ ಪರಿಹಾರ ಕೇಳಿ ಅರ್ಜಿ ತುಂಬಿದಳು. ಅರ್ಧ ಗಂಟೆ ದಾಟಿದರೆ ಆ ಕಡೆಯ ದರದಲ್ಲಿ ಅರ್ಧ ವಾಪಸ್ ಕೊಡುತ್ತಾರೆ. ನಾಲ್ಕು ನಿಮಿಷದ ಕೆಲಸ. ಕೊನೆಯಲ್ಲಿ ಒಂದು ನಂಬರ್ ಬಂತು. ಆ ನಂಬರ್ ನೋಡಿ ನನಗೆ ನೆಮ್ಮದಿಯಾಯಿತು.

ಆರನೇ ದಿನ, ಭಾನುವಾರ

ಅಕ್ಟೋಬರಿನ ಕೊನೆಯ ಭಾನುವಾರ ಇಲ್ಲಿ ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ಇಡುತ್ತಾರೆ. ಸಂಜೆ ಐದಕ್ಕೆಲ್ಲ ಕತ್ತಲು. ಅಂಗಡಿಯಲ್ಲಿ, ಪಾರ್ಕಿನಲ್ಲಿ, ಎಲ್ಲೆಲ್ಲೂ ಇದೇ ಮಾತು. ನಾನೂ ಮೂವರ ಹತ್ತಿರ ಕತ್ತಲೆಯ ಬಗ್ಗೆ ಹೇಳಿದೆ. ಮೂವರೂ ನಿಂತು ಮಾತಾಡಿಸಿದರು.

ಏಳನೇ ದಿನ, ಸೋಮವಾರ

ಅಳಿಯನಿಗೆ ಬೆನ್ನು ನೋವು. ಡಾಕ್ಟರ್ ಸಮಯ ಬೇಕೆಂದರೆ ಬೆಳಿಗ್ಗೆ ಎಂಟಕ್ಕೆ ಸರಿಯಾಗಿ ಫೋನ್ ಮಾಡಬೇಕು. ಎಂಟು ಗಂಟೆ ಒಂದು ನಿಮಿಷಕ್ಕೆ ಅವನು ಸಾಲಿನಲ್ಲಿ ಹತ್ತೊಂಬತ್ತನೆಯವನು. ಇಪ್ಪತ್ತೈದು ನಿಮಿಷ ಅದೇ ಸಂಗೀತ. ಪಕ್ಕದ ಮನೆಯವರು ಬೇಲಿಯ ಆಚೆಯಿಂದ ಇದಕ್ಕೆ ತಮ್ಮದೂ ನಾಲ್ಕು ಸೇರಿಸಿದರು. ಹಾಗಾದರೆ ದುಡ್ಡು ಕೊಟ್ಟು ಖಾಸಗಿಯಾಗಿ ತೋರಿಸಬಹುದಲ್ಲ ಎಂದೆ. ಅವರು ನೆಟ್ಟಗೆ ನಿಂತರು. 1948ರ ಜುಲೈಯಲ್ಲಿ ಸರ್ಕಾರಿ ಆರೋಗ್ಯ ಸೇವೆ ಶುರುವಾದಾಗ ತಾವು ಚಿಕ್ಕ ಮಗು, ತಮ್ಮ ತಾಯಿಗೆ ಮೊದಲ ಸಲ ಕನ್ನಡಕ ಸಿಕ್ಕಿತು, ಒಂದು ಪೆನ್ನಿಯೂ ಕೊಡಲಿಲ್ಲ ಎಂದರು. ತಾವು ಎಷ್ಟು ಬೇಕಾದರೂ ಬೈಯುತ್ತಾರೆ, ಬೇರೆಯವರು ಅದನ್ನು ಬಿಟ್ಟುಬಿಡಿ ಅನ್ನಬಾರದು. ಮನೆಯ ಮಕ್ಕಳ ಬಗ್ಗೆ ನಾವು ಹಾಗಲ್ವಾ?

ಒಂಬತ್ತನೇ ದಿನ, ಬುಧವಾರ

ಮಧ್ಯಾಹ್ನ ವಿಮಾನ. ಮಂಗಳವಾರವೆಲ್ಲ ಸೂಟ್‌ಕೇಸ್ ಕಟ್ಟುವುದರಲ್ಲೇ ಹೋಗಿತ್ತು. ರೈಲಿನ ದುಡ್ಡು ಬರುತ್ತದೆ ಎಂದು ಮಗಳ ಫೋನಿಗೆ ಸಂದೇಶ ಬಂದಿತ್ತು.

ಬೆಳಿಗ್ಗೆ ಕಸದ ಡಬ್ಬಿ ಹೊರಗಿಡಲು ಹೋದೆ. ಪಕ್ಕದ ಮನೆಯವರೂ ಬಂದರು. ಮೊದಲು ಮಳೆಯ ಮಾತಾಯಿತು. ಆಮೇಲೆ ಧೈರ್ಯ ಮಾಡಿ ಫೋನಿನಲ್ಲಿದ್ದ ಫೋಟೋ ತೋರಿಸಿದೆ.

ಕನ್ನಡಕ ಹಣೆಗೆ ಏರಿಸಿ ಫೋನನ್ನು ಕಣ್ಣಿನ ಹತ್ತಿರಕ್ಕೆ ತಂದರು. ತುಂಬ ಹೊತ್ತು ನೋಡಿದರು. "ಬಣ್ಣ ಹೋಗಿದೆ" ಎಂದರು. ನಾನು ಹೌದು ಎಂದೆ. "ಆ ಪೇಂಟು ಒಳ್ಳೇದಿರಲಿಲ್ಲ. ಆಗಲೇ ಹೇಳಿದ್ದೆ ನಿಮ್ಮ ಮಗಳಿಗೆ." ನಾನು ಮತ್ತೆ ಹೌದು ಎಂದೆ. "ಹನ್ನೊಂದು ದಿನ ಇದ್ದರು ಆಸ್ಪತ್ರೆಯಲ್ಲಿ. ಒಬ್ಬ ನರ್ಸ್ ಅವರ ಕಿವಿಯ ಹತ್ತಿರ ಫೋನ್ ಹಿಡಿದಳು. ಏನು ಹೇಳಬೇಕು ಅಂತ ಗೊತ್ತಾಗಲಿಲ್ಲ. ಹೊರಗೆ ಬಿಸಿಲು ಚೆನ್ನಾಗಿದೆ ಅಂತ ಹೇಳಿದೆ."

ನಾನು ಏನೂ ಕೇಳಲಿಲ್ಲ. ಅವರ ತೋಳು ಹಿಡಿದು ನಿಂತೆ. ಕೋಟಿನ ತೋಳು ನೆನೆದು ತಣ್ಣಗಿತ್ತು.

ಬೀದಿಯ ತುದಿಯಲ್ಲಿ ಲಾರಿಯ ಸದ್ದು ಕೇಳಿತು. ಅವರು ಫೋನ್ ವಾಪಸ್ ಕೊಟ್ಟು, ಕನ್ನಡಕ ಇಳಿಸಿ, ಅತ್ತ ನೋಡಿದರು. "ಇಪ್ಪತ್ತು ನಿಮಿಷ ತಡ" ಎಂದರು.

"ಅದರ ಮೇಲೆ ಮಳೆ ಬೇರೆ" ಎಂದೆ ನಾನು.